ಅಜ್ಜನ ಮೇಲಿನ ಬಿಸಿಲು

ರಾಯಬಾಗದ ಬಸ್‌ಸ್ಟ್ಯಾಂಡಿನಲ್ಲಿ ಮನೀಷಾಳ ಪಕ್ಕ ಕುರಿಗಾರರ ಮನೆಯ ಅಜ್ಜಿ, ಮೊಮ್ಮಗಳು ಕೂತು ಒಂದೇ ಮೊಬೈಲು ನೋಡುತ್ತಿದ್ದರು. ಮನೀಷಾಳ ಕಣ್ಣು ಬಸ್ಸು ಬರುವ ದಾರಿಯ ಮೇಲಿತ್ತು, ಕಿವಿ ಮಾತ್ರ ಇತ್ತ.

“ಇದೇನ ಸುಜಾತಾ, ಮಾತಿಲ್ಲ, ಹಾಡಿಲ್ಲ. ಗ್ವಾಡಿಮ್ಯಾಲಿನ ನಿಮ್ಮಜ್ಜನ ಫೋಟೋ ಒಂದ ಐತಿ.”

“ಅದ ನನ್ನ ಸಿನಿಮಾ, ಆಯಿ. ಕಾಲೇಜಿಗೆ ಮಾಡೇನಿ. ಸುಮ್ನ ನೋಡ.”

“ಅಯ್ಯ! ಕಣ್ಣ ಹೊರಳಿಸಿದ್ನಲ್ಲ!”

“ಇಲ್ಲ ಆಯಿ. ಫೋಟೋ ಅಂಗಳದಾಗ ಇಟ್ಟು, ಮುಂಜಾನಿಂದ ಸಂಜಿತನಕ ಗಳಿಗಿಗೊಂದ ಚಿತ್ರ ತಗದೇನಿ. ಎಲ್ಲಾ ಕೂಡಿಸಿ ಓಡಿಸೇನಿ. ಸರಿಯಾಕತ್ತಿದ್ದು ಬಿಸಲ, ಅಜ್ಜ ಅಲ್ಲ. ನಮ್ಮ ಕಣ್ಣಿಗೆ ಅಜ್ಜ ಅಳ್ಳಾಡಿದಂಗ ಕಾಣತೈತಿ.”

“ನೋಡ, ಈಗ ನಕ್ಕ.”

“ಮಾರಿಮ್ಯಾಲೆ ನೆರಳ ಬಿದ್ದೈತಿ, ಅಷ್ಟ.”

“ನೆರಳ ಸಿಕ್ರ ನಗತಿದ್ದ ಅಂವ. ಕುರಿ ಹಿಂದ ತಿರಗಿ ತಿರಗಿ, ಜಾಲಿಗಿಡದ ಬುಡಕ ಕುಂತಾಗ ಹಿಂಗ ನಗತಿದ್ದ.”

ಸಿನಿಮಾ ಮುಗಿಯಿತು. ಮೊಮ್ಮಗಳು ಪರದೆಯ ಮೇಲೆ ಬೆರಳಿಟ್ಟಳು.

“ಮತ್ತೊಮ್ಮೆ ಹಚ್ಚಲೇನ, ಆಯಿ?”

“ಬ್ಯಾಡ. ದಿನಪೂರ್ತಿ ಬಿಸಲಾಗ ಇಟ್ಟಿದ್ಯೇನ ಅವನ್ನ? ಜೀವ ಹೋಗೂತನಕಾ ಬಿಸಲಾಗನ ತಿರಗ್ಯಾನ. ಇನ್ನರ ನೆರಳಾಗ ಇಡವಾ.”

ಚಿಂಚಲಿ ಬಸ್ಸು ಬಂತು. ಅಜ್ಜಿ ಮೊಬೈಲಿನ ಮೇಲೆ ಸೆರಗು ಮುಚ್ಚಿಕೊಂಡು ಬಿಸಿಲಿಗಿಳಿದಳು.