ತಲೆಕೆಳಗಾದ ಗಿಡುಗ

ಬೇಕರಿಯ ಸಾಲಿನಲ್ಲಿ ನಿಂತಿದ್ದ ವಾಲ್ಬುರ್ಗಾಳ ಕಿವಿಗೆ ಮುಂದಿದ್ದ ಇಬ್ಬರ ಮಾತು ಬೀಳುತ್ತಿತ್ತು: ಕಲ್ಲುಕುಟಿಗ ಕೊರ್ಬಿನಿಯನ್, ಮತ್ತು ಹೋದ ವಾರವಷ್ಟೇ ಅಣ್ಣನನ್ನು ಮಣ್ಣು ಮಾಡಿ ಬಂದಿದ್ದ ಫಾಲ್ಕನ್‌ರೈನ್ ಕೋಟೆಯ ಇರ್ಮ್‌ಗಾರ್ಡ್.

“ಅಮ್ಮನವರೇ, ನೀವು ಹೇಳಿದಂಗೇ ಅಣ್ಣನವರ ಗೋರಿಕಲ್ಲಲ್ಲಿ ನಿಮ್ಮ ಲಾಂಛನದ ಗಿಡುಗನ್ನ ತಲೆಕೆಳಗಾಗೇ ಕೆತ್ತಿದೀನಿ. ನೋಡಿದೋರೆಲ್ಲ ನಾನು ಕುಡಿದು ಕೆತ್ತಿದೀನಿ ಅಂತಿದಾರೆ.”

“ಅಂದ್ಕೊಳ್ಳಲಿ ಬಿಡು. ವಂಶದ ಕೊನೆಯವನು ಹೋದ್ರೆ ಹಾಗೇ ಕೆತ್ತೋದು.”

“ಕೊನೆಯವರು ಹೆಂಗಾಗ್ತಾರೆ? ನೀವಿದೀರಲ್ಲ.”

“ಏಳುನೂರು ವರ್ಷದಿಂದ ಹೆಣ್ಣುಮಕ್ಕಳು ಲೆಕ್ಕಕ್ಕಿಲ್ಲ ಕಣಯ್ಯ.”

“ಮುತ್ತಿಗೆ ಬಿದ್ದಾಗ ಗಂಡಸರು ಓಡಿಹೋದ್ರು, ಕೋಟೆ ಬಾಗಿಲು ಕಾದೋರು ನಿಮ್ಮ ಅಜ್ಜಿಯಂದಿರೇ ಅಂತೆ.”

“ಹೌದು. ಅವರ ಹೆಸರು ಯಾವ ಕಲ್ಲಲ್ಲೂ ಇಲ್ಲ. ಸೂರು ಸೋರಿದಾಗ ಹೆಂಚು ಹೊದಿಸಿದ್ದೂ ನಾನೇ. ಅಣ್ಣ ಬೇಟೆಗೆ ಹೋಗಿದ್ದ.”

ಸಾಲು ಒಂದು ಹೆಜ್ಜೆ ಮುಂದೆ ಸರಿಯಿತು.

“ಹಂಗಾದ್ರೆ ಅದನ್ನ ತಿದ್ದಲಾ?”

“ಬೇಡ, ಪದ್ಧತಿ ಅಂದ್ರೆ ಪದ್ಧತಿ.” ಇರ್ಮ್‌ಗಾರ್ಡ್ ದುಡ್ಡು ಕೊಟ್ಟು ಬ್ರೆಡ್ಡನ್ನು ಕಂಕುಳಿಗೆ ಸಿಕ್ಕಿಸಿಕೊಂಡಳು. “ಪಕ್ಕದಲ್ಲಿ ನನಗೂ ಒಂದು ಕಲ್ಲು ಕೆತ್ತಿಡು. ಅದರಲ್ಲಿ ಗಿಡುಗ ನೆಟ್ಟಗಿರಲಿ.”

“ಪಾದ್ರಿಗಳು ಸುಮ್ನಿರ್ತಾರಾ?”

ಆಕೆ ಆಗಲೇ ಬಾಗಿಲು ತೆರೆದಿದ್ದಳು. “ಕುಡಿದು ಕೆತ್ತಿಬಿಟ್ಟೆ ಅಂತ ಹೇಳು. ಊರು ಹೇಗೂ ನಂಬಿದೆ.”