ಗೌಹರ್ ವಿಚಾರಿಸಿದ ಮನೆಗಳು

ಬೆಟ್ಟದ ಮೈಗೆ ಮೆಟ್ಟಿಲು ಕಟ್ಟಿದಂತೆ ಕೂತ ಊರು ಅದು. ಕೆಳಗಿನ ಮನೆಯ ಮಾಳಿಗೆಯೇ ಮೇಲಿನ ಮನೆಗೆ ಅಂಗಳ. ಮಧ್ಯಾಹ್ನ ಹಿಡಿದ ಮಳೆ ಕತ್ತಲಾದರೂ ಬಿಟ್ಟಿರಲಿಲ್ಲ, ಕರೆಂಟು ಹೋಗಿತ್ತು. ಹೊಸದಾಗಿ ಮದುವೆಯಾಗಿ ಬಂದಿದ್ದ ಹೇರೋ, ಗಂಡ ಪಟ್ಟಣಕ್ಕೆ ಹೋಗಿದ್ದರಿಂದ, ನೆರೆಯವರ ಜೊತೆ ಫತ್ತಾಹ್ ಮಾಮನ ಒಲೆಯ ಸುತ್ತ ಬಂದು ಕೂತಿದ್ದಳು. ಕೂತರೂ ನೆಮ್ಮದಿಯಿಲ್ಲ. ಎಲ್ಲೋ ಬಾಗಿಲು ಬಡಿದಾಗಲೆಲ್ಲ ಬೆಚ್ಚುತ್ತಿದ್ದಳು.

"ಮಾಮ, ಈ ಊರಲ್ಲಿ ಖಾಲಿ ಮನೆಗಳಿಗೆ ಬೀಗ ಯಾಕೆ ಹಾಕಲ್ಲ? ಜೀವ ಹೋಗತ್ತೆ ಆ ಸದ್ದಿಗೆ."

"ನಿನ್ ಗಂಡ ಹೇಳ್ಲಿಲ್ವಾ? ಅವನು ಬಿಡು, ಕುರಿ ವಿಷಯ ಬಿಟ್ರೆ ಬಾಯೇ ತೆಗೆಯಲ್ಲ."

ಎಲ್ಲರೂ ನಕ್ಕರು. ಮಾಮ ಸಕ್ಕರೆ ತುಂಡನ್ನು ಹಲ್ಲಲ್ಲಿ ಕಚ್ಚಿ, ಚಹಾ ಹೀರಿ, ಶುರುಮಾಡಿದರು.

"ನಮ್ಮ ಪಕ್ಕದ ಮನೆ ಸೊಸೆ, ಕ್ವೇಸ್ತಾನ್ ಅಂತ. ಗಟ್ಟಿಗಿತ್ತಿ. ವಿಮಾನಗಳು ಬಂದು ಬಾಂಬ್ ಸುರಿದ ವರ್ಷ ಊರಿಗೆ ಊರೇ ಗಡಿ ಕಡೆ ಓಡ್ತು ನೋಡಿ... ಮೇಲೆ ಮಳೆ, ಬೆಟ್ಟ ಹತ್ತಿದ್ರೆ ಹಿಮ, ಹೆಗಲ ಮೇಲೆ ಮಕ್ಕಳು. ಅರ್ಧ ದಾರೀಲಿ ಅವಳ ಅತ್ತೆ ಗೌಹರ್ ಕುಸಿದು ಕೂತ್ಬಿಟ್ಳು. 'ನೀವು ಮಕ್ಕಳನ್ನ ದಾಟ್ಸಿ, ಸುಧಾರಿಸ್ಕೊಂಡು ಹಿಂದೇನೇ ಬರ್ತೀನಿ' ಅಂದ್ಳು. ಕ್ವೇಸ್ತಾನ್ ಏನ್ ಮಾಡ್ಬೇಕು? ಬೆನ್ನಲ್ಲೊಂದು ಕೂಸು, ಕೈಲೊಂದು... ತನ್ನ ಶಾಲು ತೆಗೆದು ಅತ್ತೆಗೆ ಹೊದಿಸಿ, ತಿರುಗಿ ನೋಡ್ದೆ ನಡೆದ್ಳು. ನೋಡಿದ್ರೆ ಕಾಲು ಏಳ್ತಿತ್ತಾ?

"ಬೇಸಿಗೆಗೆ ವಾಪಸ್ ಬಂದ್ವಿ. ದಾರಿಯುದ್ದಕ್ಕೂ ಹುಡುಕಿದ್ವಿ, ಮುದುಕಿ ಸಿಗ್ಲಿಲ್ಲ. ಊರಲ್ಲಿ ಎಷ್ಟೋ ಮನೆಗಳ ಬೀಗ ತೆಗೆಯೋರೇ ಇಲ್ಲ. ಮೊದಲ ಮಳೆ ಬಂದ ದಿನ, ತಂದೂರಿನ ಹತ್ರ ರೊಟ್ಟಿ ಬಡೀತಿದ್ದ ಕ್ವೇಸ್ತಾನ್ ತಲೆ ಎತ್ತುತಾಳೆ... ಮಾಳಿಗೆ ಅಂಚಲ್ಲಿ ಗೌಹರ್! 'ಒಳಗೆ ಬನ್ನಿ ಅತ್ತೆ' ಅಂದ್ರೆ ಬರ್ಲಿಲ್ಲ. 'ಸೋಫಿ ಮನೆಯೋರು ಬಂದ್ರಾ?' ಅಂದ್ಳು. 'ಬಂದ್ರು.' 'ಬಫ್ರೀನ್?' 'ಇಲ್ಲ ಅತ್ತೆ.' 'ಅವಳ ಕೂಸು?' 'ಇಲ್ಲ.' ಹೀಗೆ ಊರಿನ ಒಂದೊಂದು ಮನೇನೂ ವಿಚಾರಿಸಿ, ಕೊನೆಗೆ ಮೆಲ್ಲಗೆ, 'ನಾನು?... ನಾನು ಬಂದ್ನಾ?'

"ಏನಂತ ಹೇಳ್ತೀರಿ ಅದಕ್ಕೆ? ಕ್ವೇಸ್ತಾನ್ ಸುಳ್ಳು ಹೇಳ್ಲಿಲ್ಲ. 'ಇಲ್ಲ ಅತ್ತೆ. ನಾನೇ ಬಿಟ್ಟು ಬಂದೆ.' ಮುದುಕಿ ತಲೆಯಾಡಿಸಿ ಬೆಟ್ಟ ಹತ್ತಿದ್ಳು. ಯಾವ ಹಳ್ಳದ ದಾರೀಲಿ ಹೋದ್ಳು ಅಂತ ಇವಳು ನಿಂತು ನೋಡಿದ್ಳು. ಮಾರನೇ ದಿನ ಗಂಡನ್ನ, ನನ್ನ ಕರ್ಕೊಂಡು ಅದೇ ದಾರಿ ಹತ್ತಿದ್ಳು. ಬಂಡೆ ಸಂದೀಲಿ ಸಿಕ್ಕಿದ್ದನ್ನ ಕಂಬಳೀಲಿ ಸುತ್ತಿ ತಂದು, ಮುಲ್ಲಾ ಕೈಲಿ ಪ್ರಾರ್ಥನೆ ಮಾಡ್ಸಿ, ಮಣ್ಣು ಮಾಡಿದ್ವಿ. ಇನ್ನು ಕಣ್ಣಿಗೆ ನಿದ್ದೆ ಹತ್ತತ್ತೆ ಅಂದ್ಕೊಂಡ್ವಿ... ಹತ್ತಿತಾ?

"ಮತ್ತೆ ಮಳೆ ಬಂತು. ಮತ್ತೆ ಅದೇ ಜಾಗ. ಕ್ವೇಸ್ತಾನ್ ಹಿಟ್ಟಿನ ಕೈಯಲ್ಲೇ ಓಡಿದ್ಳು. 'ನಿಮ್ಮನ್ನ ತಂದ್ವಲ್ಲ ಅತ್ತೆ! ಇನ್ನೂ ಯಾಕೆ ನೆನೀತಾ ನಿಂತಿದೀರಿ?' ಗೌಹರ್ ನಕ್ಕಳಂತೆ. 'ನಾನೇನೋ ಬಂದೆ ಮಗಳೇ. ಇವರು?' ಅಂತ ಪಕ್ಕಕ್ಕೆ ಸರಿದ್ಳು. ಅವಳ ಹಿಂದೆ... ಮಾಳಿಗೆಯಿಂದ ಮಾಳಿಗೆಗೆ, ಮೇಲಿನ ಕಡೇ ಮನೆವರೆಗೂ, ಬೀಗ ಬಿದ್ದ ಮನೆಯೋರೆಲ್ಲ ನಿಂತಿದ್ರು, ನೀರು ತೊಟ್ಟಿಕ್ಕಿಸ್ತಾ. ಬಫ್ರೀನ್ ಎದೆಗೆ ಕೂಸನ್ನ ಅವಚ್ಕೊಂಡಿದ್ಳು.

"ನಾನಾಗಿದ್ರೆ ಕಿರುಚ್ಕೊಂಡು ಓಡ್ತಿದ್ದೆ. ಅವಳು? ಕಲ್ಲು ತಗೊಂಡು ಒಂದೊಂದೇ ಬೀಗ ಒಡೀತಾ ಹೋದ್ಳು. 'ಬನ್ನಿ, ಒಳಗೆ ಬನ್ನಿ, ಎಷ್ಟು ನೆಂದಿದೀರಿ...' ಆವತ್ತಿಂದ ಯಾರೂ ಬೀಗ ಹಾಕಿಲ್ಲ. ಸಾಯೋವರೆಗೂ ಮಳೆ ಬಂದಾಗೆಲ್ಲ ಆ ಮನೆಗಳಲ್ಲಿ ಬೆಂಕಿ ಹಾಕಿ ಬರ್ತಿದ್ಳು."

"ಈಗ ಯಾರು ಹಾಕ್ತಾರೆ ಮಾಮ?" ಹೇರೋ ಕೇಳಿದಳು.

"ಈಗ ಯಾರೂ ಇಲ್ಲ. ತಣ್ಣಗೆ ಬಿದ್ದಿವೆ. ಅದಕ್ಕೇ ಅವರು ಬೆಂಕಿ ಇರೋ ಕಡೆ ಬರ್ತಾರೆ."

ಮಾಮ ಒಲೆಗೆ ಇನ್ನೊಂದು ಕೊರಡು ನೂಕಿದರು. ಗೋಡೆಗೆ ಒರಗಿ ಕೂತಿದ್ದ ಹೇರೋಳ ಭುಜದಾಚೆ ನೋಡಿ, ಮೃದುವಾಗಿ ಅಂದರು:

"ಸ್ವಲ್ಪ ಈ ಕಡೆ ಸರ್ಕೋ ಮಗಳೇ... ಕೂಸಿಗೆ ಶಾಖ ತಾಗ್ತಿಲ್ಲ."