ಬಾತ್‌ರೂಮಿನ ಪಕ್ಕದ ಗ್ರಂಥಾಲಯ

ನಮ್ಮ ದೋಹಾ ಕನ್ನಡ ಸಂಘದ ಅಧ್ಯಕ್ಷರಾದ ಧನಂಜಯ ಅವರೇ, ಬೀಳ್ಕೊಡುಗೆಯ ಹಾರ ಹಾಕಿಸಿಕೊಂಡು ಸಂಕೋಚದಿಂದ ಕೂತಿರುವ ಲೀಲಾಕ್ಷಿ ಅಕ್ಕ, ಅವರ ಯಜಮಾನರಾದ ಚನಿಯ ಅವರೇ, ಬಿಸಿಬೇಳೆಬಾತಿನ ವಾಸನೆ ಬಂದರೂ ಕುರ್ಚಿ ಬಿಡದ ಸಭಿಕರೇ,

ನಾನು ಸುಬ್ಬರಾಯ, ಮೈಸೂರಿನವನು. ಗ್ರಂಥಾಲಯದ ಬಗ್ಗೆ ಮಾತಾಡಿ ಎಂದಿದ್ದಾರೆ. ಹಾಗಾಗಿ ರೋಮಿನಿಂದ ಶುರು ಮಾಡುತ್ತೇನೆ. ಗಾಬರಿಯಾಗಬೇಡಿ, ಬೇಗ ದೋಹಾಕ್ಕೆ ವಾಪಸ್ ಬರುತ್ತೇನೆ.

ಪ್ರಾಚೀನ ರೋಮಿನಲ್ಲಿ ಸಾರ್ವಜನಿಕ ಸ್ನಾನಗೃಹಗಳ ಆವರಣದಲ್ಲೇ ಗ್ರಂಥಾಲಯಗಳಿರುತ್ತಿದ್ದವಂತೆ. ಆಶ್ಚರ್ಯವೇ? ಬಿನ್ ಮಹಮೂದ್ ಬಡಾವಣೆಯ ಲೀಲಾಕ್ಷಿ ಅಕ್ಕನ ಫ್ಲ್ಯಾಟಿನಲ್ಲಿ ನಮ್ಮ ಕನ್ನಡ ಪುಸ್ತಕಗಳ ಕಪಾಟು ಎಲ್ಲಿತ್ತು? ಬಾತ್‌ರೂಮಿನ ಪಕ್ಕದಲ್ಲೇ! ರೋಮಿನವರು ಗ್ರೀಕ್ ಪುಸ್ತಕಗಳನ್ನು ಒಂದು ಕಡೆ, ಲ್ಯಾಟಿನ್ ಪುಸ್ತಕಗಳನ್ನು ಇನ್ನೊಂದು ಕಡೆ ಇಡುತ್ತಿದ್ದರು. ಅಕ್ಕ ಮೈಸೂರಿನವರನ್ನೂ ಮಂಗಳೂರಿನವರನ್ನೂ ಒಂದೇ ಸೋಫಾದಲ್ಲಿ ಕೂರಿಸಿದರು. ರೋಮಿನವರ ಆಳ್ವಿಕೆಯಲ್ಲಿದ್ದ ಅಥೆನ್ಸಿನ ಒಂದು ಗ್ರಂಥಾಲಯದಲ್ಲಿ, ಪುಸ್ತಕ ಹೊರಗೆ ಹೋಗಕೂಡದು, ಆಣೆ ಮಾಡಿದ್ದೇವೆ ಎಂದು ಕಲ್ಲಿನಲ್ಲೇ ಕೆತ್ತಿಸಿದ್ದರು. ಅಕ್ಕನ ನಿಯಮ ಬೇರೆ. ಅರ್ಧ ಓದಿದ ಪುಸ್ತಕವನ್ನು ಅವರು ವಾಪಸ್ ತೆಗೆದುಕೊಳ್ಳುವುದಿಲ್ಲ.

ಇದು ನನಗೆ ಗೊತ್ತಿರಲಿಲ್ಲ. ಓದುತ್ತಿದ್ದವಳು ನನ್ನ ಹೆಂಡತಿ ಅರುಂಧತಿ. ಬಿನ್ ಮಹಮೂದಿನಲ್ಲಿ ಪಾರ್ಕಿಂಗ್ ಸಿಗುವುದುಂಟೇ? ನಾನು ಕೆಳಗೆ ಕಾರಿನಲ್ಲೇ ಕೂತಿರುತ್ತಿದ್ದೆ. ಅವಳು ತೀರಿಕೊಂಡ ಮೇಲೆ, ಅವಳ ದಿಂಬಿನ ಪಕ್ಕದಲ್ಲಿದ್ದ ಕಾದಂಬರಿ ಹಿಂದಿರುಗಿಸಲು ಮೊದಲ ಸಲ ಮೆಟ್ಟಿಲು ಹತ್ತಿದೆ.

"ಓದಿ ಆಯ್ತಾ?" ಅಂದರು ಅಕ್ಕ.

"ಅವಳು ಅರ್ಧ ಓದಿದ್ದಳು."

"ಹಾಗಾದ್ರೆ ಉಳಿದದ್ದು ನೀವು ಓದಿ ಮಾರಾಯ್ರೆ. ಆಮೇಲೆ ಕೊಡಿ."

ಓದಿದೆ, ಸಭಿಕರೇ. ಇಲ್ಲಿ ಅವಳು ನಗುತ್ತಿದ್ದಳು, ಇಲ್ಲಿ ನನ್ನನ್ನು ಕರೆದು ಓದಿ ಹೇಳುತ್ತಿದ್ದಳು ಎಂದುಕೊಳ್ಳುತ್ತಾ ಓದಿದೆ. ಅದು ಮುಗಿದ ಮೇಲೆ ಇನ್ನೊಂದು ಕೇಳಿದೆ. ಆ ಕಪಾಟು ಇಲ್ಲದಿದ್ದರೆ ನಾನು ಏನಾಗುತ್ತಿದ್ದೆನೋ! ಕ್ಷಮಿಸಿ, ಒಂದು ಗುಟುಕು ನೀರು ಕುಡಿಯುತ್ತೇನೆ.

ಮುಂದಿನ ವಾರ ಅಕ್ಕ ಊರಿಗೆ ಹೊರಡುತ್ತಾರೆ. ಕಪಾಟು ಇಡಲು ಯಾರ ಮನೆಯಲ್ಲೂ ಜಾಗ ಇಲ್ಲ, ಪುಸ್ತಕ ಹಂಚಿ ಖಲಾಸ್ ಮಾಡೋಣ ಎಂದು ಸಮಿತಿ ತೀರ್ಮಾನಿಸಿದೆಯಂತೆ. ಧನಂಜಯ ಅವರೇ, ಅಲ್ ಸದ್ದ್ ಬಡಾವಣೆಯ ನನ್ನ ಮನೆಯಲ್ಲಿ ಜಾಗ ಇದೆ. ಅರುಂಧತಿಯ ಬೀರು ಇದ್ದ ಗೋಡೆ. ಅದನ್ನು ಮುಟ್ಟಲು ಇಷ್ಟು ದಿನ ನನಗೆ ಮನಸ್ಸೇ ಬಂದಿರಲಿಲ್ಲ. ನಿನ್ನೆ ಅವಳ ಸೀರೆಗಳನ್ನು ಎತ್ತಿಟ್ಟು, ಬೀರು ಸರಿಸಿ ಗೋಡೆ ಖಾಲಿ ಮಾಡಿದೆ.

ಶುಕ್ರವಾರ ಬನ್ನಿ. ನನ್ನ ಚಹಾ ಅಷ್ಟಕ್ಕಷ್ಟೇ. ಪುಸ್ತಕ ಒಯ್ಯದಿದ್ದರೂ ಪರವಾಗಿಲ್ಲ, ಸ್ವಲ್ಪ ಹೊತ್ತು ಕೂತು ಹೋಗಿ. ಮನೆಯಲ್ಲಿ ನಾನೊಬ್ಬನೇ ಇರುತ್ತೇನೆ.

ಲೀಲಾಕ್ಷಿ ಅಕ್ಕ, ಕಪಾಟಿನ ಬೀಗದ ಕೈ ನನಗೆ ಕೊಡಿ. ತಾಳ್ಮೆಯಿಂದ ಕೇಳಿದ ನಿಮಗೆಲ್ಲ ಧನ್ಯವಾದ. ನಮಸ್ಕಾರ.